ಗಡ್ಡಿ ಗಂಗವ್ವನ ಊರಿಗೆ ಒಂಬತ್ತನೆಯ ರೀಲು

ಮೋಟೆಲಿನ ಕೋಣೆ

ಸೆಪ್ಟೆಂಬರ್ ಇಪ್ಪತ್ತು, ಶನಿವಾರ, ಬೆಳಗಿನ ಐದೂವರೆ ಗಂಟೆ. ಅಮೆರಿಕದ ನೆಬ್ರಾಸ್ಕಾ ರಾಜ್ಯದ ಪಶ್ಚಿಮ ತುದಿಯ ಒಂದು ಸಣ್ಣ ಊರು. ಹಾಜರಿದ್ದವರು ನಾನು ಮತ್ತು ನನ್ನ ತಂಗಿಯ ಮಗಳು ಸುನಂದಾ. ಅವಳು ಆಚೆ ಮಂಚದ ಮೇಲೆ ಮುಸುಕು ಹೊದ್ದು ಮಲಗಿದ್ದಳು, ಆದ್ದರಿಂದ ಅರ್ಧ ಹಾಜರಿ ಎನ್ನಬೇಕು.

ನಾನು ಸ್ನಾನ ಮುಗಿಸಿ, ಲಿಂಗಪೂಜೆ ಮುಗಿಸಿ, ಮೇಜನ್ನು ಮೂರು ಸಲ ಒರೆಸಿ, ಅದರ ಮೇಲೆ ಬಿಳಿ ಪಂಚೆ ಹಾಸಿ, ತಗಡಿನ ಡಬ್ಬಿ ತೆರೆದೆ. ಒಳಗಿದ್ದ ಸಿನಿಮಾ ರೀಲಿನ ಕೊನೆಯ ಹತ್ತು ಮೊಳ ಬಿಚ್ಚಿ, ಭೂತಗನ್ನಡಿ ಹಿಡಿದು, ಒಂದು ಚುಕ್ಕೆಯನ್ನು ನೋಡಿದೆ. ಸಾಸಿವೆಯ ಕಾಲುಭಾಗದಷ್ಟು ಇದೆ. ಐವತ್ತು ವರ್ಷಕ್ಕೂ ಮೇಲೆ ನಾನು ಅದನ್ನು ಕೊಳೆ ಎಂದು ತಿಳಿದು ಒರೆಸಿದ್ದೆ. ಅದು ಕೊಳೆಯಲ್ಲ, ಒಬ್ಬ ಹೆಂಗಸಿನ ತಲೆ ಇದ್ದೀತು ಎಂದು ನಿನ್ನೆ ಸಂಜೆಯಷ್ಟೇ ತಿಳಿಯಿತು. ಆ ತಲೆ ಇನ್ನೂ ಉಳಿದಿದೆಯೋ, ನಾನೇ ಒರೆಸಿ ಅಳಿಸಿಬಿಟ್ಟಿದ್ದೇನೋ, ಭೂತಗನ್ನಡಿಯಲ್ಲಿ ಗೊತ್ತಾಗಲಿಲ್ಲ. ಪರದೆಯ ಮೇಲೆ ಬಿದ್ದರೆ ಮಾತ್ರ ಗೊತ್ತಾಗುತ್ತದೆ. ಆದರೆ ಈ ರೀಲನ್ನು ಯಾವ ಪರದೆಯ ಮೇಲೂ ಬಿಡುವುದಿಲ್ಲ ಎಂದು ನಾನು ನಮ್ಮ ಕಡೆಯ ಮಸಗುಪ್ಪಿಯಲ್ಲಿ ಒಬ್ಬರಿಗೆ ಮಾತು ಕೊಟ್ಟು ಬಂದಿದ್ದೆ.

ಮೂಡಲಗಿ, ಗೋಕಾಕ, ಹುಕ್ಕೇರಿ

ಮೊದಲಿನಿಂದ ಹೇಳುವುದೇ ಸರಿ. ನಾನು ಟೂರಿಂಗ್ ಟಾಕೀಸಿನಲ್ಲಿ ಆಪರೇಟರ್ ಆಗಿದ್ದವನು. ಬಟ್ಟೆಯ ತಂಬು, ಒಂದೇ ಯಂತ್ರ, ಒಂದು ರೀಲು ಮುಗಿದರೆ ದೀಪ ಹಾಕಿ ಇನ್ನೊಂದನ್ನು ಏರಿಸಬೇಕು. ಮಾಲಕರು ಹುಕ್ಕೇರಿಯ ಜೈನ ವ್ಯಾಪಾರಿಗಳು. ಸಮಾಧಾನದ ಮಾತು ಮರಾಠಿಯಲ್ಲಿ, ಬೈಗುಳ ಕನ್ನಡದಲ್ಲಿ. ತಂಬು ಹುಕ್ಕೇರಿ, ಗೋಕಾಕ, ಮೂಡಲಗಿ ತಿರುಗುತ್ತಿತ್ತು. ಹೊಸ ಚಿತ್ರದ ಪೆಟ್ಟಿಗೆ ಬಸ್ಸಿನ ಟಪ್ಪಿನ ಮೇಲೆ ಬರಬೇಕು, ಬಸ್ಸು ಕೆಟ್ಟರೆ ಆಟವಿಲ್ಲ. ಅಂಥ ದಿನಕ್ಕೆಂದು ಮಾಲಕರು ಕೊಲ್ಹಾಪುರದಿಂದ ಒಂದು ಹಳೆಯ ಇಂಗ್ಲಿಷ್ ಚಿತ್ರದ ಪ್ರತಿ ತಂದಿಟ್ಟಿದ್ದರು. ಕಪ್ಪು ಬಿಳುಪು, ಒಂಬತ್ತು ರೀಲು.

ನಾಯಕಿ ಒಬ್ಬ ವಿಧವೆ. ಸಕ್ಕರೆ ತೆಗೆಯುವ ಗಡ್ಡೆಯ ಬೆಳೆ ಅವಳದು. ಕಾಲುವೆಯ ನೀರನ್ನು ಕೈಯಲ್ಲಿಟ್ಟುಕೊಂಡ ಧಣಿಯೊಬ್ಬ ಅವಳ ಹೊಲ ಕಸಿಯಲು ನೋಡುತ್ತಾನೆ. ಅವಳು ಬಗ್ಗುವುದಿಲ್ಲ. ಎಂಟನೆಯ ರೀಲಿನ ಕೊನೆಗೆ ಅವಳ ಗಾಡಿ ಕಾರ್ಖಾನೆಯ ತೂಕದ ಕಾಟಾ ಮೇಲೆ ನಿಲ್ಲುತ್ತದೆ, ಮುಳ್ಳು ಏರುತ್ತದೆ, ಅವಳು ಗೆಲ್ಲುತ್ತಾಳೆ. ಕಬ್ಬಿನ ಗಾಡಿ ಹೊಡೆದುಕೊಂಡು ಹೋಗಿ ಕಾಟಾದ ಮುಂದೆ ದಿನಗಟ್ಟಲೆ ಕಾದ ನಮ್ಮ ಜನಕ್ಕೆ ಇಂಗ್ಲಿಷ್ ಬೇಕಾಗಲಿಲ್ಲ. ಗಡ್ಡಿ ಗಂಗವ್ವ ಎಂದು ಅವರೇ ಹೆಸರಿಟ್ಟರು.

ಒಂಬತ್ತನೆಯ ರೀಲಿನಲ್ಲಿ ನದಿಗೆ ಮಹಾಪೂರ. ಅದೇ ಧಣಿಯ ಮಗುವನ್ನು ದಡಕ್ಕೆ ದಬ್ಬಿ ಗಂಗವ್ವ ಮುಳುಗುತ್ತಾಳೆ. ಆಮೇಲೆ ಬರಿಯ ನೀರು. ಚಿತ್ರ ಮುಗಿಯಿತು.

ಮೂಡಲಗಿಯ ಮೊದಲ ಆಟದಲ್ಲಿ ಇದನ್ನು ತೋರಿಸಿದಾಗ ಮುಂದೆ ನೆಲದ ಮೇಲೆ ಕೂತ ಹೆಂಗಸರಲ್ಲಿ ಒಬ್ಬಾಕೆ ಎದ್ದು ನನ್ನ ಯಂತ್ರದ ಹತ್ತಿರವೇ ಬಂದಳು. ಮಸಗುಪ್ಪಿಯ ನೀಲವ್ವ. ಆಗ ಮೂವತ್ತರ ಆಸುಪಾಸು. ದನಿ ಏರಿಸಲಿಲ್ಲ.

“ಏನ್ರಿ ಆಪ್ರೇಟರ್ರ, ಇಷ್ಟ ದುಡದಾಕಿ ಯಾಕ ಸಾಯಬೇಕ್ರಿ? ಆ ಡಬ್ಬಿ ತಗದ ಒಗೀರಿ.”

ಮರುದಿನ ಹೆಂಗಸರು ಯಾರೂ ಒಳಗೆ ಬರಲಿಲ್ಲ. ತಂಬಿನ ಬಾಗಿಲಲ್ಲಿ ನಿಂತು ಇವತ್ತು ಅವಳು ಸಾಯುತ್ತಾಳೋ ಇಲ್ಲವೋ ಎಂದು ಕೇಳಿದರು. ಎಂಟಕ್ಕೇ ನಿಲ್ಲಿಸು ಎಂದು ಮಾಲಕರು ಹೇಳಿದರು, ಕನ್ನಡದಲ್ಲಿ.

ಆಪರೇಟರ್ ಆದವನು ಬಂದ ಚಿತ್ರವನ್ನು ಬಂದಹಾಗೆ ತೋರಿಸಬೇಕು. ಕೆಲಸ ಕಲಿಸಿದ ವಸ್ತಾದರು ಮೊದಲ ದಿನವೇ ಕಿವಿ ಹಿಂಡಿ ಕಲಿಸಿದ ನಿಯಮ ಇದು. ನಾನು ಅದನ್ನು ಮುರಿದೆ. ಎಂಟನೆಯ ರೀಲಿನ ಕೊನೆಗೆ ಬೆಳಕಿನ ಮುಂದೆ ಅಂಗೈಯನ್ನು ಮೆಲ್ಲಗೆ ಅಡ್ಡ ತಂದರೆ ಚಿತ್ರ ತಾನಾಗಿಯೇ ಮುಗಿದಂತೆ ಕಾಣುತ್ತಿತ್ತು. ಹೀಗೆ ಹನ್ನೊಂದು ವರ್ಷ, ಪೆಟ್ಟಿಗೆ ಬರದ ದಿನವೆಲ್ಲ, ಮೂರು ಊರುಗಳಲ್ಲಿ ಗಂಗವ್ವ ಬದುಕಿದಳು. ತಂಬು ಮುಚ್ಚಿದಾಗ ಎಂಟು ರೀಲು ಗುಜರಿಗೆ ಹೋದವು. ಒಂಬತ್ತನೆಯದು ಪೆಟ್ಟಿಗೆಯಲ್ಲಿ ಇರಲಿಲ್ಲ, ಗೋಕಾಕದ ನನ್ನ ಮನೆಯಲ್ಲಿ ಮಂಚದ ಕೆಳಗಿತ್ತು. ತಪ್ಪು ಮಾಡಿದವನು ವಸ್ತುವನ್ನಾದರೂ ಸರಿಯಾಗಿ ಇಡಬೇಕು. ಪ್ರತಿ ಅಮಾವಾಸ್ಯೆ ಡಬ್ಬಿ ತೆರೆದು, ಗಾಳಿ ಆಡಿಸಿ, ಮೆತ್ತನೆಯ ಬಟ್ಟೆಯಲ್ಲಿ ಒರೆಸುತ್ತ ಒಂದು ಸಲ ಪೂರ್ತಿ ಸುತ್ತಿ ಇಡುತ್ತಿದ್ದೆ. ಕೊನೆಯಲ್ಲಿ ಆ ಚುಕ್ಕೆ ಬರುತ್ತಿತ್ತು. ಅಲ್ಲಿ ಸ್ವಲ್ಪ ಒತ್ತಿ ಒರೆಸುತ್ತಿದ್ದೆ.

ಮಸಗುಪ್ಪಿ

ಸುನಂದಾ ಯಮಕನಮರಡಿಯ ಹೈಸ್ಕೂಲಿನಲ್ಲಿ ಇಂಗ್ಲಿಷ್ ಕಲಿಸುತ್ತಾಳೆ. ಅವಳ ತಾಯಿ, ಅಂದರೆ ನನ್ನ ತಂಗಿ, ಸಾಯುವ ತನಕ ಗಂಗವ್ವನ ಕಥೆ ಹೇಳುತ್ತಿದ್ದಳು. ಆ ಚಿತ್ರ ಯಾವುದಿರಬಹುದು ಎಂದು ಸುನಂದಾ ಒಂದು ಬೇಸಿಗೆಯ ರಜೆಯೆಲ್ಲ ಫೋನಿನಲ್ಲಿ ಹುಡುಕಿದಳು, ಕೊನೆಗೆ ಸಿಕ್ಕಿತು. ನೆಬ್ರಾಸ್ಕಾದ ಒಂದು ಹಳೆಯ ಚಿತ್ರಮಂದಿರದವರು ತಮ್ಮ ಊರಿನ ನಟಿಯ ಏಕೈಕ ದೊಡ್ಡ ಚಿತ್ರದ ಎಂಟು ರೀಲು ಸಿಕ್ಕಿವೆ, ಕೊನೆಯದು ಎಲ್ಲಿಯೂ ಸಿಕ್ಕಿಲ್ಲ, ಇದ್ದವರು ತಿಳಿಸಿ ಎಂದು ಬರೆದಿದ್ದರು. ಉತ್ತರ ಹೋಯಿತು, ಅವರೇ ಇಬ್ಬರ ಪ್ರಯಾಣದ ಏರ್ಪಾಡು ಮಾಡಿದರು.

ಹೊರಡುವ ವಾರ ನೀಲವ್ವನ ಮನೆಗೆ ಹೋದೆ. ಈಗ ಎಂಬತ್ತೇಳು ದಾಟಿದೆ, ಎಮ್ಮೆ ಇನ್ನೂ ತಾವೇ ಹಿಂಡುತ್ತಾರೆ. ವಿಷಯ ಹೇಳಿದೆ. ಸೆರಗಿನಲ್ಲಿ ಕೈ ಒರೆಸಿಕೊಂಡು ಯೋಚಿಸಿದರು.

“ಅವರ ವಸ್ತು, ಒಯ್ದ ಕೊಡ್ರಿ. ಆದ್ರ ಓಡಸಬ್ಯಾಡ್ರಿ. ಅಲ್ಲೂ ಹೆಣಮಕ್ಕಳ ಇರ್ತಾರಲ್ಲ.”

ಓಡಿಸುವುದಿಲ್ಲ ಎಂದೆ. ಕೊಟ್ಟ ಮಾತು ಅಷ್ಟೇ.

ತಪಾಸಣೆಯ ಮೇಜು

ಹಳೆಯ ರೀಲಿಗೆ ವಯಸ್ಸಾದರೆ ಹುಳಿ ವಾಸನೆ ಹತ್ತುತ್ತದೆ. ಅಮೆರಿಕದಲ್ಲಿ ಇಳಿದಾಗ ಒಂದು ನಾಯಿ ನನ್ನ ಚೀಲದ ಮುಂದೆ ಕೂತಿತು. ಅಧಿಕಾರಿಣಿ ಡಬ್ಬಿ ಮೂಸಿ ಉಪ್ಪಿನಕಾಯಿಯೋ ಎಂದು ಕೇಳಿದರು. ಸಿನಿಮಾ ಎಂದೆ. ಅವರು ನಂಬಲಿಲ್ಲ. ತುದಿಯ ಒಂದು ಗೇಣು ಬಿಚ್ಚಿ ಬೆಳಕಿಗೆ ಹಿಡಿದು ತೋರಿಸಿದೆ. ಅವರು ತಮ್ಮ ಪಕ್ಕದವರನ್ನು ಕರೆದರು, ಆತ ಇನ್ನೊಬ್ಬರನ್ನು ಕರೆದ. ಹಿಂದೆ ಸಾಲು ಬೆಳೆಯಿತು. ಬರಿಗೈಯಲ್ಲಿ ಮುಟ್ಟಬೇಡಿ, ಅಂಚು ಹಿಡಿಯಿರಿ ಎಂದು ಸುನಂದಾಳಿಂದ ಹೇಳಿಸಿದೆ. ಮೂವರೂ ಅಂಚನ್ನೇ ಹಿಡಿದರು. ಕಾನೂನಿನ ಜನಕ್ಕೆ ಕಾರಣಸಹಿತ ನಿಯಮ ಹೇಳಿದರೆ ಪಾಲಿಸುತ್ತಾರೆ, ಇದು ಎಲ್ಲ ದೇಶಕ್ಕೂ ಒಂದೇ. ನಾಯಿ ಕೂತದ್ದು ರೀಲಿಗಲ್ಲ, ಸುನಂದಾ ತುರುಕಿದ್ದ ಗೋಕಾಕದ ಕರದಂಟಿಗೆ ಎಂದು ಆಮೇಲೆ ತಿಳಿಯಿತು. ಅದನ್ನೂ ಬಿಟ್ಟರು.

ಗಡ್ಡೆಯ ಊರು

ವಿಮಾನದ ಊರಿನಿಂದ ಕಾರಿನಲ್ಲಿ ನಾಲ್ಕು ತಾಸು. ನಮ್ಮನ್ನು ಕರೆದೊಯ್ದವರು ಚಿತ್ರಮಂದಿರ ನೋಡಿಕೊಳ್ಳುವ ಕ್ಯಾರೊಲ್ ಎಂಬ ಹೆಂಗಸು, ಅರವತ್ತರ ಸಮೀಪ. ದಾರಿಯಲ್ಲಿ ಎದುರಾದ ಪ್ರತಿಯೊಬ್ಬ ಚಾಲಕನೂ ಚಕ್ರದ ಮೇಲಿನ ಕೈಯಿಂದ ಒಂದೇ ಬೆರಳು ಎತ್ತಿ ನಮಸ್ಕಾರ ಮಾಡುತ್ತಿದ್ದ. ಅವರೆಲ್ಲ ಪರಿಚಯವೇ ಎಂದು ಕೇಳಿದೆ. ಇಲ್ಲ, ರಸ್ತೆಯಲ್ಲಿ ಬೇರೆ ಯಾರೂ ಇರುವುದಿಲ್ಲವಲ್ಲ ಎಂದರು. ನಮ್ಮಲ್ಲಿ ಹೀಗೆ ಮಾಡಲು ಹೊರಟರೆ ಯಮಕನಮರಡಿ ದಾಟುವುದರೊಳಗೆ ಬೆರಳು ಸೋತುಹೋದೀತು.

ಮಳೆ ಕಡಿಮೆಯ ಬಯಲು, ನಡುವೆ ನೇರ ಕಾಲುವೆ, ಕಾಲುವೆಯ ಎರಡೂ ಬದಿ ಹಸಿರು. ಘಟಪ್ರಭೆಯ ಕಾಲುವೆ ನೋಡಿದವರಿಗೆ ಹೊಸದೇನಿಲ್ಲ. ಕಾರ್ಖಾನೆಯ ಮುಂದೆ ಲಾರಿಗಳ ಸಾಲು, ಲಾರಿಯ ತುಂಬ ಮಣ್ಣು ಮೆತ್ತಿದ ಬಿಳಿ ಗಡ್ಡೆ, ಒಂದೊಂದು ತೆಂಗಿನಕಾಯಿಯಷ್ಟು. ತೂಕದ ಕಾಟಾ ಕಂಡಾಗ ಕಾರು ನಿಲ್ಲಿಸಲು ಹೇಳಿ ಇಳಿದು ನೋಡಿದೆ. ಹನ್ನೊಂದು ವರ್ಷ ನಾನು ಓಡಿಸಿದ ಎಂಟನೆಯ ರೀಲು ಅದು. ಕಾಯುತ್ತಿದ್ದ ಒಬ್ಬ ರೈತ, ತೂಕ ಸರಿ ಮಾಡುತ್ತಾರೆಯೇ ಎಂದು ನಾನು ಸುನಂದಾಳಿಂದ ಕೇಳಿಸಿದ್ದಕ್ಕೆ ಕ್ಯಾರೊಲ್ ಕಡೆ ಕಣ್ಣು ಮಿಟುಕಿಸಿ, ಇವರು ಖಂಡಿತ ರೈತರ ಕಡೆಯವರು ಎಂದ.

ಇಲ್ಲಿ ರಾತ್ರಿಯ ಊಟ ಸಂಜೆ ಐದೂವರೆಗೆ. ಶಿಸ್ತು ನನಗೆ ಹಿಡಿಸಿತು. ಹೇಗಿದ್ದೀರಿ ಎಂದು ಎಲ್ಲರೂ ಕೇಳುತ್ತಾರೆ, ಉತ್ತರಕ್ಕೆ ನಿಲ್ಲುವುದಿಲ್ಲ. ಅದು ಹಿಡಿಸಲಿಲ್ಲ.

ಮಿನಾ ಅವರ ಕಿಟಕಿ

ನಟಿಯ ಹೆಸರು ಮಿನಾ ಸ್ಟ್ರೋಡ್. ಬದುಕಿದ್ದಾರೆ ಎಂಬುದು ನನಗೆ ಇಲ್ಲಿಗೆ ಬಂದ ಮೇಲೆ ತಿಳಿಯಿತು. ಸುನಂದಾ ಗೊತ್ತಿದ್ದೂ ಹೇಳಿರಲಿಲ್ಲ. ವೃದ್ಧರ ವಸತಿಯಲ್ಲಿ, ಗಡ್ಡೆಯ ಹೊಲ ಕಾಣುವ ಕಿಟಕಿಯ ಬಳಿ, ತೊಂಬತ್ತೈದು ವರ್ಷದ ಬಿಳಿ ಕೂದಲಿನ ಹೆಂಗಸು ಗಾಲಿಕುರ್ಚಿಯಲ್ಲಿ ನೆಟ್ಟಗೆ ಕೂತಿದ್ದರು. ಕಾಟಾದ ಮುಂದೆ ಗಂಗವ್ವ ಹೇಗೆ ಕೂತಿದ್ದಳೋ ಹಾಗೆಯೇ. ನನಗೆ ಅರಿವಿಲ್ಲದೆ ಚಪ್ಪಲಿ ಬಿಟ್ಟೆ.

ಅವರು ಹೇಳಿದ್ದು ಇಷ್ಟು. ತಂದೆ ಬೇರೆಯವರ ಹೊಲದಲ್ಲಿ ಗಡ್ಡೆಯ ತಲೆ ಕಡಿಯುವ ಕೂಲಿ. ಮಕ್ಕಳೂ ಅದೇ ಕೆಲಸ. ಹದಿನೇಳಕ್ಕೆ ರೈಲು ನಿಲ್ದಾಣದ ಹೋಟೆಲಿನಲ್ಲಿ ಕಾಫಿ ಹಂಚುತ್ತಿದ್ದರು, ರೈಲಿನಲ್ಲಿ ಹೋಗುತ್ತಿದ್ದ ಸಿನಿಮಾದವನೊಬ್ಬ ವಿಳಾಸ ಕೊಟ್ಟುಹೋದ. ಒಬ್ಬರೇ ಹೋಗಲಿಲ್ಲ, ಪಕ್ಕದ ಸಾಲಿನಲ್ಲಿ ಗಡ್ಡೆ ಕಡಿಯುತ್ತಿದ್ದ ಗೆಳತಿ ರೋಸ್‌ಳನ್ನೂ ಕರೆದುಕೊಂಡು ಹೋದರು. ಸ್ಟುಡಿಯೋದವರು ಹೆಸರು ಬದಲಿಸಿದರು, ಎರಡು ಹಲ್ಲು ಬದಲಿಸಿದರು, ನಡಿಗೆ ಬದಲಿಸಿದರು. ಏಳು ವರ್ಷದ ಕರಾರು. ಏಳು ಚಿತ್ರಗಳಲ್ಲಿ ನಾಯಕಿಗೆ ಕಾಫಿ ಕೊಡುವ ಗೆಳತಿಯ ಪಾತ್ರ. “ಹೋಟೆಲ್ ಬಿಟ್ಟರೂ ಕಾಫಿ ಬಿಡಲಿಲ್ಲ” ಎಂದು ನಕ್ಕರು. ರೋಸ್‌ಗೆ ಸಿಕ್ಕಿದ್ದು ನಟಿಯ ಬದಲು ನಿಲ್ಲುವ ಕೆಲಸ. ದೀಪಗಳನ್ನು ಹೊಂದಿಸುವ ತನಕ ಅವಳು ನಿಲ್ಲಬೇಕು, ಚಿತ್ರ ತೆಗೆಯುವಾಗ ಸರಿಯಬೇಕು. ಮುಖ ಎಂದೂ ಚಿತ್ರದಲ್ಲಿ ಬೀಳುವುದಿಲ್ಲ.

ಎಂಟನೆಯ ಚಿತ್ರ ಗಡ್ಡೆಯದು. ಅದರ ಕೆಲಸ ನನಗೆ ಬರುತ್ತಿತ್ತು, ನಟಿಸಲಿಲ್ಲ, ಮಾಡಿದೆ ಎಂದರು. ಕಥೆ ಮೊದಲು ಕಾಟಾದ ಮೇಲೆಯೇ ಮುಗಿಯುತ್ತಿತ್ತಂತೆ. ಒಂಟಿ ಹೆಂಗಸು ಗೆದ್ದು ಸುಮ್ಮನೆ ಮನೆಗೆ ಹೋದರೆ ನೋಡುವವರಿಗೆ ಸಮಾಧಾನವಿಲ್ಲ, ಮದುವೆಯಾಗಬೇಕು ಇಲ್ಲವೇ ಸಾಯಬೇಕು ಎಂದು ಸ್ಟುಡಿಯೋದವರು ಹಟ ಹಿಡಿದರು. ಮಿನಾ ಎರಡನ್ನೂ ಒಲ್ಲೆ ಎಂದರು. ಅವರನ್ನು ಕೆಲಸದಿಂದ ನಿಲ್ಲಿಸಿ, ಅವರ ಸೀರೆ, ಅಲ್ಲ, ಅವರ ಉಡುಪನ್ನು ರೋಸ್‌ಗೆ ತೊಡಿಸಿ, ಬೆನ್ನು ಮಾತ್ರ ಕಾಣುವಂತೆ ನದಿಗೆ ಇಳಿಸಿ ಒಂಬತ್ತನೆಯ ರೀಲು ಮಾಡಿದರು. ಮಿನಾ ಊರಿಗೆ ಮರಳಿದರು, ರೋಸ್ ಮರುವಾರ ಹಿಂದೆಯೇ ಬಂದಳು. ಇಬ್ಬರೂ ಸೇರಿ ಈ ಚಿತ್ರಮಂದಿರದ ಟಿಕೀಟಿನ ಕಿಟಕಿಯಲ್ಲಿ ಮೂವತ್ತು ವರ್ಷ ಕೂತರು. ನಡುವೆ ಮಿನಾ ಎರಡು ಸಲ ಮದುವೆಯಾದರು, ಎರಡು ಸಲವೂ ತಮ್ಮ ಇಚ್ಛೆಯಿಂದಲೇ.

ಆಮೇಲೆ ಅಸಲು ಮಾತು ಬಂತು. ನದಿಯಲ್ಲಿ ಮುಳುಗಿದ ಮೇಲೆ ತಾನು ಉಸಿರು ತಾಳದೆ ಬೇಗ ಮೇಲೆ ಬಂದೆ, ದೂರದಲ್ಲಿ ಎಡಗಡೆ, ಮರದ ಮೋಟಿನ ಹತ್ತಿರ, ತನ್ನ ತಲೆ ಚಿತ್ರದಲ್ಲಿ ಇದೆ ಎಂದು ರೋಸ್ ಮೂವತ್ತು ವರ್ಷವೂ ಹೇಳುತ್ತಿದ್ದಳು. ಅದನ್ನು ಕತ್ತರಿಸಿರುತ್ತಾರೆ ಎಂದು ಮಿನಾ ವಾದಿಸುತ್ತಿದ್ದರು. ಮಿನಾ ಆ ರೀಲನ್ನು ಎಂದೂ ನೋಡಿಲ್ಲ, ನೋಡಲು ಮನಸ್ಸಿರಲಿಲ್ಲ. ರೋಸ್ ತೀರಿಕೊಂಡು ನಾಲ್ಕು ವರ್ಷವಾಯಿತು. ಅವಳು ಚಲಿಸುವ ಚಿತ್ರ ಇನ್ನೊಂದಿಲ್ಲ.

“ನಾನು ಸೋತೆನೋ ಗೆದ್ದೆನೋ ನೋಡಬೇಕು” ಎಂದರು ಮಿನಾ. “ಸೋಲಬೇಕು ಎಂದು ಆಸೆ.”

ಎಡಗಡೆ, ಮೋಟಿನ ಹತ್ತಿರ. ನನ್ನ ಬೆರಳುಗಳಿಗೆ ಆ ಜಾಗ ಗೊತ್ತಿತ್ತು. ಸುನಂದಾ ನನ್ನ ಮುಖ ನೋಡಿ, ಯಾಕ ಮಾಮಾ ಎಂದಳು. ಇಬ್ಬರಿಗೂ ಇದ್ದದ್ದು ಇದ್ದಹಾಗೆ ಹೇಳಿದೆ. ಐವತ್ತು ವರ್ಷ ಒರೆಸಿದ್ದು, ನೀಲವ್ವನಿಗೆ ಕೊಟ್ಟ ಮಾತು, ಎರಡೂ. ಮಿನಾ ಕೋಪ ಮಾಡಲಿಲ್ಲ. ಹಾಗಾದರೆ ಆ ಹೆಂಗಸನ್ನೇ ಕೇಳೋಣ ಎಂದರು.

ಏಳೂವರೆಯ ಫೋನು

ಶನಿವಾರ ಬೆಳಗ್ಗೆ ಏಳೂವರೆ, ಮಸಗುಪ್ಪಿಯಲ್ಲಿ ಸಂಜೆ ಏಳು. ಸುನಂದಾ ಫೋನನ್ನು ಮಿನಾ ಅವರ ಚಹದ ಕಪ್ಪಿಗೆ ಆನಿಸಿ ನಿಲ್ಲಿಸಿದಳು. ಆ ಕಡೆ ನೀಲವ್ವ, ಮೊಮ್ಮಗಳ ಕೈಯಲ್ಲಿನ ಫೋನಿಗೆ ತೀರ ಹತ್ತಿರ ಮುಖ ಇಟ್ಟು ಬಹಳ ಹೊತ್ತು ನೋಡಿದರು.

“ಇದ್ದಾಳಲ್ಲ” ಎಂದರು ಕೊನೆಗೆ. “ಅಕ್ಕಾ, ಇಷ್ಟ ದಿನ ಎಲ್ಲಿದ್ದಿ?”

ಸುನಂದಾ ಅತ್ತಿಂದಿತ್ತ ಭಾಷೆ ತಿರುಗಿಸಿ ಹೇಳುತ್ತಿದ್ದಳು. ಟಿಕೀಟು ಮಾರುತ್ತಿದ್ದೆ ಎಂದರು ಮಿನಾ.

“ಚಲೋ ಆತು. ಹೊಲಾ ಉಳೀತನ?”

ಇದು ಚಿತ್ರದ ಹೊಲದ ಪ್ರಶ್ನೆ. ಆ ಹೊಲ ಸ್ಟುಡಿಯೋದ್ದು ಎಂದು ಮಿನಾ ಹೇಳಬಹುದಿತ್ತು. ಅವರು ಕಿಟಕಿಯ ಕಡೆ ಕೈ ತೋರಿಸಿದರು. ತಂದೆ ಕೂಲಿ ಮಾಡುತ್ತಿದ್ದ ಹೊಲದಲ್ಲಿ ಒಂದು ತುಂಡನ್ನು ಆ ಚಿತ್ರದ ಸಂಬಳದಿಂದ ಕೊಂಡರಂತೆ, ಅದು ಅದೇ. ಸುನಂದಾ ಫೋನು ತಿರುಗಿಸಿ ತೋರಿಸಿದಳು. ನೀಲವ್ವ ಸಾಲು ನೋಡಿ, ನೀರು ಹೆಚ್ಚಾಗಿದೆ, ಎಲೆ ಹಳದಿ ಬಂದಿದೆ ಎಂದರು. ಮಿನಾ ಒಪ್ಪಿದರು. ಗೇಣಿಗೆ ಮಾಡುವವನು ಹೇಳಿದ್ದು ಕೇಳುವುದಿಲ್ಲವಂತೆ.

ಆಮೇಲೆ ನಾನು ರೋಸ್ ವಿಷಯ ತಿಳಿಸಿ, ಮಾತಿನಿಂದ ನನ್ನನ್ನು ಬಿಡುಗಡೆ ಮಾಡುತ್ತೀರಾ ಎಂದು ಕೇಳಿದೆ. ನೀಲವ್ವ ಮೊಮ್ಮಗಳ ಕೈಯಿಂದ ಫೋನನ್ನು ತಾವೇ ತೆಗೆದುಕೊಂಡರು.

“ತನ್ನ ಗೆಳತೀನ ನೋಡತೇನಿ ಅಂತಾಳ. ಬ್ಯಾಡ ಅನ್ನಾಕ ನಾ ಯಾರ್ರಿ? ಓಡಸ್ರಿ. ಆದ್ರ ಆಪ್ರೇಟರ್ರ, ಏನ ಕಾಣತೈತಿ ನನಗ ಖರೆ ಹೇಳಬೇಕ.”

ಚಿತ್ರಮಂದಿರ

ರೀಲು ಹರಿದುಹೋದೀತು, ಸೋಮವಾರ ಪ್ರತಿ ತೆಗೆಯುವವರು ಬರುತ್ತಾರೆ, ಅಲ್ಲಿಯ ತನಕ ಓಡಿಸುವುದು ಬೇಡ ಎಂದು ಕ್ಯಾರೊಲ್ ಅಂಜಿದರು. ಅವರ ಅಂಜಿಕೆ ಸರಿಯೇ. ಹೊಸ ಫಿಲ್ಮಿನ ತುಂಡನ್ನು ಹಳೆಯದರ ಪಕ್ಕ ಇಟ್ಟು, ನೂರು ತೂತುಗಳನ್ನು ಒಂದಕ್ಕೊಂದು ಹೊಂದಿಸಿ ತೋರಿಸಿದೆ. ಒಂದು ತೂತಿಗಿಂತ ಕಡಿಮೆ ಕುಗ್ಗಿದ್ದರೆ ಓಡುತ್ತದೆ. ಅರ್ಧ ತೂತು ಮಾತ್ರ ಕುಗ್ಗಿತ್ತು. ಅಮಾವಾಸ್ಯೆಯ ಗಾಳಿ ಸುಮ್ಮನೆ ಹೋಗಿರಲಿಲ್ಲ. ಹಳೆಯ ಎರಡು ಅಂಟುಗಳನ್ನು ಬಿಚ್ಚಿ ಹೊಸದಾಗಿ ಅಂಟಿಸಿದೆ. ಕ್ಯಾರೊಲ್ ನನ್ನ ಪಕ್ಕ ಸ್ಟೂಲು ಹಾಕಿಕೊಂಡು ಕೂತರು.

ಆಟ ಎರಡೂವರೆಗೆ. ಎರಡು ಇಪ್ಪತ್ತಕ್ಕೆ ನಾನು ಜೀವಮಾನದ ಅಭ್ಯಾಸದಂತೆ ಯಂತ್ರಕ್ಕೆ ಕುಂಕುಮ ಹಚ್ಚಿ ಎರಡು ಊದಿನಕಡ್ಡಿ ಬೆಳಗಿದೆ. ಮಾಡಿನಲ್ಲಿದ್ದ ಒಂದು ಬಿಳಿ ಬಿಲ್ಲೆ ಕಿರುಚಲು ಆರಂಭಿಸಿತು. ಕಟ್ಟಡದ ಎಲ್ಲ ಬಿಲ್ಲೆಗಳೂ ಕಿರುಚಿದವು. ಜನರೆಲ್ಲ ಎದ್ದು ಸಾಲಾಗಿ ಬೀದಿಗೆ ಹೋದರು, ಮಿನಾ ಅವರ ಕುರ್ಚಿಯೂ ಹೋಯಿತು. ಕೆಂಪು ಗಾಡಿ ಬಂತು. ಬೆಂಕಿ ಆರಿಸುವವರೆಲ್ಲ ಊರಿನ ರೈತರೇ, ಅವರಲ್ಲಿ ಒಬ್ಬ ಕಾಟಾದ ಬಳಿ ಸಿಕ್ಕವನು. ನಾನು ಕೈ ಮುಗಿದು ನಿಂತೆ. ಅವನು ಉರಿಯುವ ಕಡ್ಡಿಗಳನ್ನು ನೋಡಿ, ಅವು ಮುಗಿಯುವ ತನಕ ಬೀದಿಯಲ್ಲಿ ಹಿಡಿದು ನಿಲ್ಲುತ್ತೇನೆ ಎಂದು ಸುನಂದಾಳಿಗೆ ಹೇಳಿ, ಹಾಗೆಯೇ ಮಾಡಿದ. ಆಟ ನಲವತ್ತು ನಿಮಿಷ ತಡ. ನನ್ನ ಕೈಯಿಂದ ಆಟ ತಡವಾದದ್ದು ಇದು ನಾಲ್ಕನೆಯ ಸಲ. ಮೊದಲ ಮೂರೂ ಗಾಳಿಗೆ ತಂಬು ಹಾರಿದ್ದರಿಂದ.

ಎಂಟು ರೀಲು ಸರಿಯಾಗಿ ಹೋದವು. ಕಾಟಾದ ಮುಳ್ಳು ಏರಿದಾಗ ಬೆಂಕಿಯವರು ಹಿಂದಿನ ಸಾಲಿನಿಂದ ಶಿಳ್ಳೆ ಹಾಕಿದರು. ನನ್ನ ಅಂಗೈ ತಾನಾಗಿಯೇ ಬೆಳಕಿನ ಕಡೆ ಹೋಯಿತು. ಹಿಂದಕ್ಕೆ ತಂದೆ. ಎರಡನೆಯ ಯಂತ್ರದಲ್ಲಿ ಒಂಬತ್ತನೆಯ ರೀಲು ಓಡಿತು.

ಮಹಾಪೂರ. ಮಗು. ಬೆನ್ನು. ಮುಳುಗಿದಳು. ಬರಿಯ ನೀರು.

ನಾನು ಯಂತ್ರದ ಕಿಂಡಿಯಿಂದ ಎಡಗಡೆಯ ಮೋಟನ್ನೇ ನೋಡುತ್ತಿದ್ದೆ. ನಮ್ಮ ತಂಬಿನ ಬೆಳಕು ಮಂದ, ಪರದೆ ಗಾಳಿಗೆ ತೂಗುತ್ತಿತ್ತು, ಅಲ್ಲಿ ಇದು ಯಾರಿಗೂ ಕಾಣುವಂತಿರಲಿಲ್ಲ. ಇಲ್ಲಿ ಪರದೆ ಗೋಡೆಯಷ್ಟು ಬಿಗಿ. ಚುಕ್ಕೆ ನೀರಿನಿಂದ ಎದ್ದಿತು. ಸುತ್ತಲೂ ನನ್ನ ಬಟ್ಟೆಯ ಗೀರುಗಳು ಮಳೆಯಂತೆ ಸುರಿಯುತ್ತಿದ್ದವು, ಮಸುಕಾಗಿತ್ತು, ಆದರೆ ಅಳಿದಿರಲಿಲ್ಲ. ಒಂದು ತಲೆ. ಕೂದಲನ್ನು ಹಿಂದಕ್ಕೆ ಒದರಿತು. ಒಂದು ಕೈ ಬಂದು ಮೋಟನ್ನು ಹಿಡಿಯಿತು. ಅಷ್ಟರಲ್ಲಿ ಕತ್ತಲೆ.

ಕೆಳಗೆ ಮಿನಾ ಅವರ ದನಿ ಕೇಳಿತು. ಏನು ಹೇಳಿದರೆಂದು ಸುನಂದಾ ಆಮೇಲೆ ತಿಳಿಸಿದಳು: “ಸರಿ ರೋಸ್, ನೀನೇ ಗೆದ್ದಿ.” ಇನ್ನೊಮ್ಮೆ ಹಾಕಿ ಎಂದು ಯಾರೂ ಕೇಳಲಿಲ್ಲ. ಮಿನಾ ದೀಪ ಹಾಕಬೇಡಿ ಎಂದು ಮಾತ್ರ ಹೇಳಿಕಳಿಸಿದರು. ಹತ್ತು ನಿಮಿಷ ಹಾಕಲಿಲ್ಲ.

ಆರು ಗಂಟೆಗೆ ಮಸಗುಪ್ಪಿಗೆ ಫೋನು ಮಾಡಿದೆ. ಅಲ್ಲಿ ಬೆಳಗಿನ ಐದೂವರೆ, ನೀಲವ್ವ ಎಮ್ಮೆಯ ಹತ್ತಿರವೇ ಇದ್ದರು. ಖರೆ ಹೇಳಬೇಕೆಂದಿದ್ದರು, ಕಂಡದ್ದನ್ನು ಕಂಡಹಾಗೆ ಹೇಳಿದೆ. ನೀರಿಗೆ ಹೋದಾಕೆ ಎದ್ದು ಬಂದಳು, ಮೋಟು ಹಿಡಿದಳು, ಮೊದಲಿನಿಂದಲೂ ಅದು ರೀಲಿನಲ್ಲೇ ಇತ್ತು, ನಾನು ಕೊಳೆ ಎಂದುಕೊಂಡಿದ್ದೆ.

“ನಾ ಅವತ್ತ ಹೇಳಿದ್ನಲ್ಲ” ಎಂದು ನೀಲವ್ವ ಫೋನು ಇಟ್ಟರು. ಹಾಲು ಹಿಂಡುವುದು ಬಾಕಿ ಇತ್ತು.

ನನಗೂ ಒಂದು ಕೆಲಸ ಬಾಕಿ ಇತ್ತು. ಓಡಿಸಿದ ರೀಲನ್ನು ಹಾಗೆಯೇ ಬಿಡಬಾರದು. ಯಂತ್ರದ ಕೋಣೆಯ ಮೇಜು ಒರೆಸಿ, ಬಟ್ಟೆ ಮಡಿಸಿ ಎರಡು ಬೆರಳಿನ ನಡುವೆ ಹಿಡಿದು, ರೀಲನ್ನು ಕೈಯಿಂದ ಹಿಂದಕ್ಕೆ ಸುತ್ತತೊಡಗಿದೆ. ಹಿಂದಕ್ಕೆ ಸುತ್ತುವಾಗ ಕೊನೆಯದು ಮೊದಲು ಬರುತ್ತದೆ. ಆ ಜಾಗ ಬಂದಾಗ ಬಟ್ಟೆ ಎತ್ತಿದೆ, ದಾಟಿದ ಮೇಲೆ ಮತ್ತೆ ಹಿಡಿದೆ. ಪೂರ್ತಿ ಸುತ್ತಿ, ತುದಿಗೆ ಕಾಗದದ ಪಟ್ಟಿ ಕಟ್ಟಿ, ಡಬ್ಬಿಯಲ್ಲಿಟ್ಟು ಮುಚ್ಚಿದೆ. ಮುಂದಿನ ಆಪರೇಟರಿಗೆಂದು ಮುಚ್ಚಳದ ಮೇಲೆ ನಾನು ಕನ್ನಡದಲ್ಲಿ ಬರೆದೆ, ಕೆಳಗೆ ಸುನಂದಾ ಇಂಗ್ಲಿಷಿನಲ್ಲಿ ಬರೆದಳು: ರೀಲು ಒಂಬತ್ತು. ಓಡಿಸಿದೆ. ಕೊನೆಯಲ್ಲಿ ಎಡಗಡೆ ಒಂದು ಚುಕ್ಕೆ ಇದೆ, ಒರೆಸಬಾರದು.

ಡಬ್ಬಿಯನ್ನು ಕ್ಯಾರೊಲ್ ಕೈಗೆ ಕೊಟ್ಟೆ. ಸಂಜೆ ಆರು ಐವತ್ತು.